ಮೂರು ಗೋಪುರ ಒಂದಾಗುವ ಜಾಗ

ಗುಡ್ಡದ ಮೇಲೆ ಬ್ರಹ್ಮ, ವಿಷ್ಣು, ಶಿವ ಮೂವರಿಗೂ ಒಂದೊಂದು ಗೋಪುರವಿದೆ. ಸಾವಿರ ವರ್ಷದ ಮಳೆಗಾಳಿಗೆ ಕಲ್ಲು ಸವೆದು ದೇವಿಯರ ಮುಖಗಳು ಮಕ್ಕಳು ನೆಕ್ಕಿಟ್ಟ ಬೆಲ್ಲದಚ್ಚಿನ ಹಾಗೆ ನುಣ್ಣಗಾಗಿವೆ. ವನ್ನಾರಿ ಪ್ರವಾಸಿಗರನ್ನು ಅಲ್ಲಿಗೆ ಕರೆತಂದಾಗ ಹೇಳಬೇಕಾದ್ದು ಇಷ್ಟೇ: ಯಾವ ರಾಜ ಕಟ್ಟಿಸಿದ, ಯಾವ ದೇವರು ಎಲ್ಲಿದ್ದ, ಫೋಟೋ ಎಲ್ಲಿಂದ ಚೆನ್ನಾಗಿ ಬರುತ್ತದೆ. ಅರ್ಧ ದಿನದ ಪ್ರವಾಸ. ಬೆಳಿಗ್ಗೆ ಹಳೇ ದೇವಸ್ಥಾನಗಳು, ಆಮೇಲೆ ತೇಲುವ ಊರು, ಊಟದ ಹೊತ್ತಿಗೆ ಸಿಯೆಮ್ ರೀಪ್ ಪಟ್ಟಣದ ಹೋಟೆಲಿಗೆ ವಾಪಸ್. ಒಂದು ಸಾಮ್ರಾಜ್ಯವನ್ನೂ ಒಂದು ಊರನ್ನೂ ಹಸಿವಾಗುವುದರೊಳಗೆ ನೋಡಿ ಮುಗಿಸಬಹುದು ಎಂದು ಜನರನ್ನು ನಂಬಿಸುವುದೇ ಈ ವ್ಯಾಪಾರದ ಜಾಣತನ.

ಅವಳು ಹೇಳದೆ ನುಂಗಿಕೊಳ್ಳುವ ಮಾತು ಇನ್ನೊಂದಿತ್ತು. ಈ ಮೂರು ಗೋಪುರ ಅವಳಿಗೆ ದೇವಸ್ಥಾನವಾಗಿದ್ದು ತೀರ ಈಚೆಗೆ. ಅದಕ್ಕೂ ಮೊದಲು ಅವು ಅವಳ ಮನೆಯ ವಿಳಾಸ.

ತೋನ್ಲೆ ಸಾಪ್ ಸರೋವರದ ಮೇಲೆ ಹುಟ್ಟಿದವರಿಗೆ ಬೀದಿಯ ಹೆಸರಿಲ್ಲ, ಮನೆ ನಂಬರಿಲ್ಲ. ಬೇಸಿಗೆಯಲ್ಲಿ ನೀರು ದಕ್ಷಿಣಕ್ಕೆ ಸರಿದರೆ ಮನೆಗಳೂ ಅದರ ಬೆನ್ನು ಹತ್ತಿ ಹೋಗುತ್ತವೆ. ಮಳೆಗಾಲದಲ್ಲಿ ನೀರು ಗುಡ್ಡದ ಬುಡಕ್ಕೆ ಬಂದರೆ ಮನೆಗಳೂ ಬರುತ್ತವೆ. ಹಾಗೆ ಅಲೆಯುವ ಊರಿನಲ್ಲೂ ವನ್ನಾರಿಯ ಸೋದರತ್ತೆ ಖೀಮಳ ಮನೆ ಒಂದು ಗೆರೆಯನ್ನು ಬಿಟ್ಟು ಆಚೀಚೆ ಹೋಗುತ್ತಿರಲಿಲ್ಲ. ಗುಡ್ಡದ ಮೇಲಿನ ಗೋಪುರಗಳು ಉತ್ತರ ದಕ್ಷಿಣವಾಗಿ ಸಾಲುಗಟ್ಟಿ ನಿಂತಿವೆಯಷ್ಟೆ. ಸರೋವರದ ಆ ಗೆರೆಯ ಮೇಲೆ ನಿಂತು ನೋಡಿದರೆ ಮೂವರು ದೇವರೂ ಒಬ್ಬರ ಬೆನ್ನಿಗೊಬ್ಬರು ಅಡಗಿ ಒಂದೇ ಗೋಪುರವಾಗಿ ಕಾಣುತ್ತಿದ್ದರು. ದೋಣಿ ಶಾಲೆಯಿಂದ ಮರಳುವಾಗ ಪುಟ್ಟ ವನ್ನಾರಿ ಗುಡ್ಡ ನೋಡಿಕೊಂಡೇ ಹುಟ್ಟು ಹಾಕುತ್ತಿದ್ದಳು. ಎರಡು ಗೋಪುರ ಕಂಡರೆ ಇನ್ನೂ ಸ್ವಲ್ಪ ಸರಿಯಬೇಕು. ಒಂದಾಯಿತೋ, ಅತ್ತೆಯ ಒಲೆಯ ಹೊಗೆ ಎದುರಿಗೇ ಇದೆ.

ಆ ದಿನ ಗುಡ್ಡದ ಮೇಲೆ ಅವಳ ಜೊತೆ ಇದ್ದವರು ಪೋಲೆಂಡಿನಿಂದ ಬಂದ ಗಂಡ ಹೆಂಡತಿ. ಗಂಡ ಕಲ್ಲು ಕಂಡಲ್ಲೆಲ್ಲ ಕೈಯಾಡಿಸುತ್ತಿದ್ದ. ಹೆಂಡತಿ ನೆರಳು ಕಂಡಲ್ಲೆಲ್ಲ ಕೂರುತ್ತಿದ್ದಳು. ಮಳೆಗಾಲದ ಕೊನೆಗೆ ಬರುವ ನೀರಿನ ಹಬ್ಬ ಹತ್ತಿರವಾಗಿತ್ತು. ಕೆಳಗೆ ಸರೋವರ ಗುಡ್ಡದ ಕಾಲು ತೊಳೆಯುತ್ತ ತುಂಬಿಕೊಂಡು ನಿಂತಿತ್ತು. ವನ್ನಾರಿಯ ಫೋನು ಹೊಡೆದುಕೊಂಡಿತು. ಪ್ರವಾಸದ ಕಂಪನಿಯ ವಿರಾಕ್. ವಯಸ್ಸಿನಲ್ಲಿ ಅವಳಿಗಿಂತ ಚಿಕ್ಕವನು, ಸಂಬಳ ಕೊಡುವುದರಲ್ಲಿ ದೊಡ್ಡವನು.

"ಅಕ್ಕಾ, ಇವತ್ತು ನಿಮ್ಮತ್ತೆ ಹೂಂ ಅಂತಾರೆ ತಾನೆ?"

"ನೋಡ್ತೀನಿ."

"ನೋಡ್ತೀನಿ ಅಂದ್ರೆ ಹೆಂಗಕ್ಕಾ? ತೇಲೋ ಮನೇಲಿ ಊಟ ಅಂತ ಹೇಳಿ ಕರ್ಕೊಂಡ್ ಬಂದಿರೋ ಮೊದಲ್ನೇ ಗಿರಾಕಿಗಳು ಇವರು. ಬೆಳಿಗ್ಗೇನೇ ಹುಡುಗರನ್ನ ಕಳ್ಸಿ ಬಲೆ, ಬುಟ್ಟಿ, ಬೋರ್ಡು ಎಲ್ಲಾ ಇಡ್ಸಿದ್ದೀನಿ."

"ಬಲೆ ಯಾಕೆ? ಅತ್ತೆ ಹತ್ರ ಬಲೆ ಇಲ್ವಾ?"

"ಅದು ನಾರುತ್ತೆ. ನಾನು ಹೊಸಾದು ಕಳ್ಸಿದ್ದೀನಿ, ನೀಲಿ ಬಣ್ಣದ್ದು. ಫೋಟೋದಲ್ಲಿ ಚೆನ್ನಾಗ್ ಬರುತ್ತೆ."

ಈ ಬಲೆಯ ಹಿಂದಿನ ಕಥೆ ಹೇಳಲೇಬೇಕು. ಹೋದ ಬೇಸಿಗೆಯಲ್ಲಿ ಯಾವುದೋ ಕಚೇರಿಯಿಂದ ದೋಣಿಯೊಂದು ಬಂದು ಊರಿನ ನಡುವೆ ನಿಂತು ಧ್ವನಿವರ್ಧಕದಲ್ಲಿ ಕೂಗಿತು: ಸರೋವರ ನಿಮ್ಮಿಂದ ಹೊಲಸಾಗುತ್ತಿದೆ, ಎಲ್ಲರೂ ದಡಕ್ಕೆ ಹೋಗಬೇಕು. ಗುಡ್ಡದ ಪಶ್ಚಿಮಕ್ಕೆ ಜಾಗ ತೋರಿಸಲಾಗುವುದು. ಮೇಲಿನ ಪಟ್ಟಣದ ಹೋಟೆಲುಗಳ ಕೊಳಚೆಯೆಲ್ಲ ನದಿಯ ಹಾದಿ ಹಿಡಿದು ಇದೇ ಸರೋವರಕ್ಕೆ ಬಂದು ಸೇರುವುದು ಆ ಧ್ವನಿವರ್ಧಕಕ್ಕೆ ಕಾಣಲಿಲ್ಲ. ಅದರ ಬಾಯಿ ಊರಿನ ಕಡೆಗೇ ತಿರುಗಿತ್ತು. ನೀರಿನ ಮೇಲೆ ಬದುಕಿದವರನ್ನು ನೀರು ಕೆಡಿಸಿದವರು ಎಂದು ಕರೆಯಲು ಎಂಥ ಗಂಟಲು ಬೇಕು! ಅದಾದ ಸ್ವಲ್ಪ ದಿನಕ್ಕೆ ಇನ್ನೊಂದು ಸುದ್ದಿ ಬಂತು. ಜನ ಹೋಗಬೇಕು, ಆದರೆ ಕೆಲವು ಮನೆ ಉಳಿಯಬಹುದು, ಪ್ರವಾಸಿಗರು ನೋಡಲಿಕ್ಕೆ. ಮೀನು ಹಿಡಿಯುವವರು ಹೊಲಸು, ಮೀನು ಹಿಡಿಯುವವರ ವೇಷ ಹಾಕಿದವರು ಸಂಸ್ಕೃತಿ. ಇದನ್ನು ಕೇಳಿ ಯಾರೂ ನಗಲಿಲ್ಲ ಎಂಬುದೇ ಈ ಕಾಲದ ಲಕ್ಷಣ.

ವಿರಾಕ್ ಆರಿಸಿದ್ದು ಖೀಮ್ ಅತ್ತೆಯ ಮನೆಯನ್ನು. ಹಳೇ ಮರ, ಬಿದಿರಿನ ತೇಲುದಿಂಡು, ಹೊಸ್ತಿಲಲ್ಲಿ ಮಲ್ಲಿಗೆ ಕುಂಡ. ನೋಡಿದವರ ಕಣ್ಣಿಗೆ ಹಬ್ಬ. ಅತ್ತೆ ದಡಕ್ಕೆ ಹೋಗಲಿ, ಹಗಲು ಹೊತ್ತು ಬಂದು ಒಲೆ ಮುಂದೆ ಕೂರಲಿ, ಮನೆ ಮಾತ್ರ ನೀರಿನ ಮೇಲೆಯೇ ಇರಲಿ, ತಿಂಗಳಿಗೆ ಇಷ್ಟು ಅಂತ ಕೊಡುತ್ತೇನೆ ಎಂದಿದ್ದ. ಅತ್ತೆಯನ್ನು ಒಪ್ಪಿಸುವ ಕೆಲಸ ವನ್ನಾರಿಯದು.

ವನ್ನಾರಿಗೆ ಅದರಲ್ಲಿ ಆಸೆಯೂ ಇತ್ತು. ಅವಳ ಮೇಲೆ ಕೋಪ ಮಾಡಿಕೊಳ್ಳುವ ಮೊದಲು ಅದನ್ನು ತಿಳಿಯಬೇಕು. ತಾಯಿ ಸತ್ತ ಮೇಲೆ ಅವಳನ್ನು ಸಾಕಿದ್ದು ಅಪ್ಪನ ಅಕ್ಕ ಖೀಮ್. ಆ ಮನೆಯ ನೆಲದಲ್ಲಿ ಒಂದು ಕಿಂಡಿಯಿತ್ತು. ಅದರೊಳಗೆ ಕಾಲು ಇಳಿಬಿಟ್ಟು ಕೂತರೆ ಸಣ್ಣ ಮೀನುಗಳು ಬಂದು ಬೆರಳು ಕಚ್ಚುತ್ತಿದ್ದವು. ಚಳಿಗಾಲದಲ್ಲಿ ಮೀನಿನ ಹಿಂಡು ಇಳಿಯುವಾಗ ಊರಿಗೆ ಊರೇ ಪ್ರಹೋಕ್ ಹಾಕುತ್ತಿತ್ತು. ಮೀನು ತುಳಿದು, ಉಪ್ಪು ಬೆರೆಸಿ, ಜಾಡಿಗೆ ತುಂಬಿ ಹುಳಿ ಬರಿಸುವ ಆ ವಾಸನೆಗೆ ಪಟ್ಟಣದವರು ಮೂಗು ಮುಚ್ಚುತ್ತಾರೆ. ವನ್ನಾರಿಗೆ ಅದು ಅತ್ತೆಯ ಸೆರಗಿನ ವಾಸನೆ. ಬೆಳಿಗ್ಗೆ ಎದ್ದಾಗ ಗುಡ್ಡ ಕಿಟಕಿಯ ಎಡಕ್ಕೋ ಬಲಕ್ಕೋ ಎಂದು ಪಂದ್ಯ ಕಟ್ಟುವುದು ಅವಳ ಆಟ. ಮನೆ ಹಗ್ಗದ ಸುತ್ತ ಮೆಲ್ಲಗೆ ತಿರುಗುತ್ತ ಇರುತ್ತಿತ್ತಲ್ಲ, ಜಗತ್ತೇ ತನ್ನ ಸುತ್ತ ತಿರುಗುವುದು ಎಂದು ಅವಳು ಬಹಳ ದಿನ ನಂಬಿದ್ದಳು. ದೊಡ್ಡವಳಾಗಿ ದೇವಸ್ಥಾನದ ಬಾಗಿಲಲ್ಲಿ ತಾವರೆಕಾಯಿ ಮಾರುತ್ತ, ಬೇರೆ ಗೈಡುಗಳ ಬಾಯಿಂದ ಬಿದ್ದ ಮಾತು ಆರಿಸಿಕೊಂಡು ಇಂಗ್ಲಿಷು ಕಲಿತಳು. ಪಟ್ಟಣದಲ್ಲಿ ಬಾಡಿಗೆ ಕೋಣೆ ಹಿಡಿದಳು. ಅಲ್ಲಿನ ಮಂಚ ಅಲುಗುವುದಿಲ್ಲ. ನೆಟ್ಟಗೆ ಮಲಗಿದ ಹೆಣದ ಹಾಗೆ ಅನ್ನಿಸಿ ಮೊದಮೊದಲು ನಿದ್ದೆಯೇ ಬರುತ್ತಿರಲಿಲ್ಲ.

ಅದಕ್ಕೇ ಅವಳಿಗೆ ವಿರಾಕನ ಮಾತು ಸಿಹಿಯಾಗಿ ಕೇಳಿಸಿತ್ತು. ಜನ ಎಲ್ಲಿಗಾದರೂ ಹೋಗಲಿ, ಮನೆಯಾದರೂ ಆ ಗೆರೆಯ ಮೇಲೆ ಉಳಿಯುತ್ತದಲ್ಲ.

ಹೋದ ವಾರ ಅತ್ತೆಗೆ ವಿಷಯ ಹೇಳಿದಾಗ ಅತ್ತೆ ಬೈಯಲೂ ಇಲ್ಲ, ಒಪ್ಪಲೂ ಇಲ್ಲ. ಮೀನು ಹೆರೆಯುತ್ತಲೇ ಹೇಳಿದ್ದಳು: "ನೀರು ತಿರುಗೋಕೆ ಮುಂಚೆ ಬಾ. ಹಗ್ಗ ಬಿಚ್ಚೋಳು ನೀನು. ಬಿಚ್ತೀಯೋ ಇಲ್ವೋ, ಅವತ್ತು ನೋಡೋಣ."

ಆ ಊರಿನ ರೂಢಿ ಅದು. ಮನೆ ಹೊರಡುವಾಗ ಹಗ್ಗ ಬಿಚ್ಚುವುದು ಮನೆಯ ಹೆಣ್ಣುಮಗಳ ಕೆಲಸ. ಮಣ್ಣಿನ ಒಲೆಯ ಬೆಂಕಿ ದಾರಿಯಲ್ಲಿ ಆರಬಾರದು, ಅದರ ಮೇಲೆ ಅನ್ನ ಬೇಯುತ್ತಲೇ ಇರಬೇಕು. ಬೆಂಕಿ ಆರಿತೋ, ಮನೆ ಕಾಯುವ ದೇವತೆ ಹಳೇ ಜಾಗದಲ್ಲೇ ಉಳಿದುಬಿಡುತ್ತಾಳೆ. ಹೊಸ ಜಾಗ ಮುಟ್ಟಿದ ಮೇಲೆ ಮೊದಲ ತುತ್ತು ನೀರಿಗೆ. ನೀರಿನ ಹಬ್ಬ ಕಳೆದರೆ ನೀರು ತಿರುಗಿ ಸರೋವರ ಇಳಿಯತೊಡಗುತ್ತದೆ. ಆಮೇಲೆ ಗುಡ್ಡದಾಚೆಯ ಗದ್ದೆಬಯಲಿಗೆ ಮನೆ ಎಳೆದೊಯ್ಯುವಷ್ಟು ನೀರು ಇರುವುದಿಲ್ಲ. ಈಗ ಒಯ್ದು ನಿಲ್ಲಿಸಿದರೆ, ನೀರು ಇಳಿದ ಹಾಗೆ ಮನೆ ತಾನಾಗಿ ನೆಲಕ್ಕೆ ಕೂತುಕೊಳ್ಳುತ್ತದೆ. ಊರವರೆಲ್ಲ ಹಾಗೆಯೇ ಹೋಗುತ್ತಿದ್ದರು. ಅತ್ತೆಯ ಸಾಲಿನಲ್ಲಿ ಉಳಿದಿದ್ದು ಅವಳ ಮನೆ ಒಂದೇ.

ಗುಡ್ಡ ಇಳಿದರೆ ದೋಣಿಕಟ್ಟೆ. ಅಲ್ಲಿ ಛೋಯ್ ಕಾಯುತ್ತಿದ್ದ. ವನ್ನಾರಿಯ ಚಿಕ್ಕಪ್ಪನ ಮಗ, ಪ್ರವಾಸದ ದೋಣಿ ಓಡಿಸುವವನು, ಬಾಯಿಗೆ ಬೀಗ ಇಲ್ಲದವನು.

"ಏನಕ್ಕಾ, ಮುಖ ಯಾಕೆ ಒಣಮೀನಿನ ಥರ? ದೇವರುಗಳ ಜೊತೆ ಜಗಳ ಆಯ್ತಾ?"

"ದೋಣಿ ಬಿಡೋ ಸುಮ್ನೆ."

"ಬಿಡ್ತೀನಿ. ನಿನ್ನ ಕಂಪನಿ ಹುಡುಗ್ರು ಬೆಳಿಗ್ಗೆ ಹೋಗಿದ್ರಂತೆ ಅತ್ತೆ ಮನೆಗೆ. ಒಬ್ಬ ಕಿಂಡಿ ಕಾಣ್ದೆ ಕಾಲಿಟ್ಟು ತೊಡೆವರೆಗೂ ಇಳ್ದ. ಅತ್ತೆ ಏನಂದ್ಲು ಗೊತ್ತಾ? 'ಮೀನುಗಳಾ, ಇವತ್ತು ಪಟ್ಟಣದ ಊಟ ಬಂದಿದೆ, ತಿನ್ರೋ' ಅಂದ್ಲು!"

ವನ್ನಾರಿಗೆ ತಡೆಯಲಾಗದೆ ನಗು ಬಂತು. ಅವಳು ನಕ್ಕಿದ್ದು ನೋಡಿ ಪೋಲೆಂಡಿನ ಹೆಂಗಸೂ ನಕ್ಕಳು, ಯಾಕೆಂದು ತಿಳಿಯದೆ.

ದೋಣಿ ಮುಳುಗಿದ ಮರಗಳ ತಲೆಗಳ ನಡುವೆ ಸಾಗಿತು. ಈ ದಾರಿಯಲ್ಲಿ ಒಂದು ಕಾಲದಲ್ಲಿ ದೋಣಿ ನಿಧಾನ ಮಾಡಲೇಬೇಕಾಗಿತ್ತು. ಅಷ್ಟು ಮನೆ, ಅಷ್ಟು ಮಾತು. ಎಡಕ್ಕೆ ಕ್ಷೌರದ ಅಂಗಡಿ ತೇಲುತ್ತಿತ್ತು. ಬಲಕ್ಕೆ ನೂಡಲ್ ಮಾರುವ ಅಜ್ಜಿ ದೋಣಿ ತುಂಬ ಬಟ್ಟಲು ಜೋಡಿಸಿಕೊಂಡು ಹಾಡುತ್ತ ಬರುತ್ತಿದ್ದಳು. ನೆರೆಯವರ ಮೇಲೆ ಮುನಿಸಾದರೆ ಯಾರೂ ಠಾಣೆಗೆ ಹೋಗುತ್ತಿರಲಿಲ್ಲ. ಹಗ್ಗ ಬಿಚ್ಚಿ ಮನೆಯನ್ನೇ ಆಚೆ ಎಳೆದುಕೊಂಡು ಹೋಗುತ್ತಿದ್ದರು, ಹಬ್ಬದ ಹೊತ್ತಿಗೆ ಸಿಟ್ಟು ಇಳಿದರೆ ಮತ್ತೆ ಎಳೆದುಕೊಂಡು ಬರುತ್ತಿದ್ದರು. ಈಗ ನೀರು ಬೋಳು. ಹಗ್ಗ ಕಟ್ಟುತ್ತಿದ್ದ ಗೂಟಗಳು ಅಲ್ಲಲ್ಲಿ ಹಲ್ಲಿನ ಮೋಟುಗಳ ಹಾಗೆ ಎದ್ದು ನಿಂತಿದ್ದವು. ಪೋಲೆಂಡಿನ ಗಂಡ ಅವುಗಳ ಫೋಟೋ ತೆಗೆದು, ಎಷ್ಟು ಪ್ರಶಾಂತವಾಗಿದೆ ಎಂದ. ಖಾಲಿ ಮಾಡಿಸಿದ ಊರು ಯಾವಾಗಲೂ ಪ್ರಶಾಂತವಾಗಿಯೇ ಇರುತ್ತದೆ. ವನ್ನಾರಿ ಗುಡ್ಡದ ಕಡೆ ತಿರುಗಿದಳು. ಗುಡ್ಡದ ಮೇಲೆ ಎರಡು ಗೋಪುರ ಕಾಣುತ್ತಿದ್ದವು. ಆಮೇಲೆ ಒಂದು.

ಮನೆ ಅಲ್ಲೇ ಇತ್ತು. ಆದರೆ ಅದರ ಹಣೆಗೆ ಹಲಗೆಯೊಂದನ್ನು ಹೊಡೆದಿದ್ದರು. ಜಗಲಿಯ ಮೇಲೆ ನೀಲಿ ಬಲೆ, ಒಂದು ಮೀನನ್ನೂ ಕಾಣದ ಬಲೆ, ಮದುಮಗಳ ಸೀರೆಯ ಹಾಗೆ ಹರಡಿತ್ತು. ಹೊಸ ಬುಟ್ಟಿಗಳಿಗೆ ಇನ್ನೂ ಅಂಗಡಿಯ ಚೀಟಿ. ಒಳಗೆ ಗ್ಯಾಸಿನ ಒಲೆ ಬಂದಿತ್ತು, ಅಡುಗೆ ಬೇಗ ಆಗಲೆಂದು. ಮಣ್ಣಿನ ಒಲೆಯನ್ನು ತೊಳೆದು, ಅದರಲ್ಲಿ ಒಣ ಹೂವು ಇಟ್ಟು ಬಾಗಿಲ ಪಕ್ಕ ಕೂರಿಸಿದ್ದರು. ಪ್ರಹೋಕ್ ಜಾಡಿಗಳು ಕಾಣಲಿಲ್ಲ. ಅತ್ತೆ ಜಗಲಿಯ ತುದಿಯಲ್ಲಿ ಮೊಣಕಾಲು ಮಡಚಿ ಕೂತಿದ್ದಳು. ತಲೆಗೆ ಎಂದಿನ ಚೌಕಳಿ ಬಟ್ಟೆ.

"ಬಂದ್ಯಾ? ಬಾ, ನಮ್ಮನೆ ನೋಡ್ಕೊಂಡ್ ಹೋಗು. ಟಿಕೆಟ್ಟು ತಗೊಂಡಿದ್ದೀಯಾ?" ಎಂದಳು ಅತ್ತೆ.

"ಅತ್ತೆ..."

"ಜಾಡಿ ಎಲ್ಲಾ ಹಿಂದ್ಗಡೆ ದೋಣಿಗೆ ಹಾಕವ್ರೆ. ವಾಸ್ನೆ ಅಂತೆ. ಒಲೇಲಿ ಹೂ ಇಟ್ಟವ್ರೆ ನೋಡು. ಒಲೇಲಿ ಹೂ ಇಡೋದು ಯಾವಾಗ್ಲೇ? ಯಾರು ಸತ್ತ್ರು ಅಂತ ನಾನು ಕೇಳ್ದೆ."

ವನ್ನಾರಿ ಅವಳ ಪಕ್ಕ ಕುಕ್ಕರಗಾಲಲ್ಲಿ ಕೂತು ದನಿ ತಗ್ಗಿಸಿದಳು. "ಅತ್ತೆ, ಮನೆ ಇಲ್ಲೇ ಇರುತ್ತೆ. ಈ ಜಾಗದಲ್ಲೇ. ನೀನು ದಿನಾ ಬರ್ಬಹುದು. ನಾನೂ ಬರ್ತೀನಿ. ಅಲ್ಲಿ ಕೆಸರಲ್ಲಿ ಕೂತ್ಕೊಂಡು ಕೊಳೆಯೋದಕ್ಕಿಂತ ಇದು ವಾಸಿ ಅಲ್ವಾ?"

"ವಾಸಿನೇ. ಮನೆಗೆ ವಾಸಿ." ಅತ್ತೆ ತಲೆಯಾಡಿಸಿದಳು. "ನಂಗೆ ಕೇಳ್ಬೇಡ. ನಾನು ಎಲ್ಲಿ ಹಾಕಿದ್ರೂ ಬದುಕ್ತೀನಿ. ಪೋಲ್ ಪೋಟನ ಕಾಲದ ಜೀತದ ಗದ್ದೇಲೇ ಬದುಕಿದೋಳು. ನಿನ್ನ ನೆನಪು ಇಲ್ಲಿದೆ, ನಿಂಗೆ ಬೇಕು ಅಂದ್ರೆ ಇಟ್ಕೋ. ಹಗ್ಗ ಅಲ್ಲಿದೆ. ಮುಟ್ಬೇಡ, ಮನೆ ಇಲ್ಲೇ ಉಳಿಯುತ್ತೆ."

ಮುದುಕಿಯ ಮಾತಿನಲ್ಲಿ ಸಿಟ್ಟಿರಲಿಲ್ಲ. ಅದೇ ಕಷ್ಟವಾಯಿತು. ಬೈದಿದ್ದರೆ ಎದುರುತ್ತರ ಕೊಡಬಹುದಿತ್ತು.

ಅಷ್ಟರಲ್ಲಿ ಗಿರಾಕಿಗಳು ದೋಣಿಯಿಂದ ಜಗಲಿಗೆ ಹತ್ತಿದ್ದರು. ಛೋಯ್ ಹೆಂಗಸಿನ ಕೈ ಹಿಡಿದು ಹತ್ತಿಸಿದ. ಗಂಡ ನೀಲಿ ಬಲೆಯ ಫೋಟೋ ತೆಗೆದ, ಹೂವಿನ ಒಲೆಯ ಫೋಟೋ ತೆಗೆದ, ಅತ್ತೆಯ ಫೋಟೋ ತೆಗೆಯಲೇ ಎಂದು ಸನ್ನೆಯಲ್ಲಿ ಕೇಳಿದ. ಅತ್ತೆ ಹಲ್ಲಿಲ್ಲದ ಬಾಯಿ ತೆರೆದು ನಕ್ಕಳು. ಅವನು ಒಳ್ಳೆಯ ಮನುಷ್ಯ, ಅದರಲ್ಲಿ ಅನುಮಾನವಿಲ್ಲ. ಈ ದಂಧೆಯಲ್ಲಿ ಎಲ್ಲರೂ ಒಳ್ಳೆಯವರೇ. ಹೆಂಗಸು ಮಾತ್ರ ಸುಮ್ಮನೆ ಸುತ್ತ ನೋಡುತ್ತ ನಿಂತಿದ್ದಳು. ಕಂಬದ ಮೇಲೆ ಚಾಕುವಿನಿಂದ ಕೊರೆದ ಗೆರೆಗಳಿದ್ದವು, ಒಂದರ ಮೇಲೊಂದು. ವನ್ನಾರಿ ಬೆಳೆದ ಹಾಗೆಲ್ಲ ಅವಳ ನೆತ್ತಿಗೆ ಸರಿಯಾಗಿ ಅತ್ತೆ ಕೊರೆದ ಗೆರೆಗಳು. ಹೆಂಗಸು ಅವುಗಳ ಮೇಲೆ ಬೆರಳಿಟ್ಟು ಕೇಳಿದಳು:

"ಈ ಮನೆಯಲ್ಲಿ ಯಾರಿದ್ದಾರೆ?"

ಇದಕ್ಕೆ ವಿರಾಕ್ ಉತ್ತರ ಕಲಿಸಿಕೊಟ್ಟಿದ್ದ. 'ತಲೆತಲಾಂತರದಿಂದ ಸರೋವರದ ಮೇಲೆ ಸಂತೋಷವಾಗಿ ಬಾಳುತ್ತಿರುವ ಮೀನುಗಾರರ ಕುಟುಂಬ.' ವನ್ನಾರಿ ದೇವಸ್ಥಾನಗಳಲ್ಲಿ ಇಂಥ ಸಾವಿರ ವಾಕ್ಯ ಹೇಳಿದವಳು. ಯಾವ ರಾಜನ ಬಗ್ಗೆ ಬೇಕಾದರೂ ಹೇಳಿಯಾಳು. ರಾಜರು ಎದ್ದು ಬಂದು ಅಲ್ಲ ಅನ್ನುವುದಿಲ್ಲ. ಇಲ್ಲಿ ಅತ್ತೆ ಬದುಕಿದ್ದಳು. ಆ ವಾಕ್ಯ ಅವಳ ಗಂಟಲವರೆಗೆ ಬಂತು. ಅದು ಬಾಯಿಂದ ಹೊರಟರೆ ಈ ಮನೆ ಇನ್ನು ಗುಡ್ಡದ ಮೇಲಿನ ಗೋಪುರದ ಹಾಗೆ. ನೋಡಬಹುದು, ಮುಟ್ಟಬಹುದು, ಒಳಗೆ ದೇವರಿರುವುದಿಲ್ಲ.

"ಯಾರೂ ಇಲ್ಲ," ಎಂದಳು ಅವಳು ಇಂಗ್ಲಿಷಿನಲ್ಲಿ. "ಈಗ ಯಾರೂ ಇಲ್ಲ. ನಾನಿದ್ದೆ. ಈ ಗೆರೆ ನನ್ನದು. ಇದು, ನನಗೆ ಜ್ವರ ಬಂದ ವರ್ಷ. ಬೆಳೆದೇ ಇಲ್ಲ ನೋಡಿ."

ಹೆಂಗಸು ಬೆರಳು ಹಿಂದಕ್ಕೆಳೆದುಕೊಂಡಳು, ಯಾರದೋ ಮೈ ಮುಟ್ಟಿದವಳ ಹಾಗೆ.

ವನ್ನಾರಿ ಎದ್ದಳು. ಒಲೆಯ ಹೂವನ್ನು ತೆಗೆದು ನೀರಿಗೆ ಎಸೆದಳು. "ಅತ್ತೆ, ಕಡ್ಡಿಪೆಟ್ಟಿಗೆ ಎಲ್ಲಿ?"

ಅತ್ತೆ ಸೊಂಟದಿಂದ ಕಡ್ಡಿಪೆಟ್ಟಿಗೆ ತೆಗೆದುಕೊಟ್ಟಳು. ಅದನ್ನು ಬೆಳಗಿನಿಂದ ಅಲ್ಲೇ ಸಿಕ್ಕಿಸಿಕೊಂಡಿದ್ದಳು ಎಂಬುದು ನೋಡಿದವರಿಗೆಲ್ಲ ಗೊತ್ತಾಯಿತು. "ಒಣಸೌದೆ ಮಂಚದ ಕೆಳಗೈತೆ. ಅಕ್ಕಿ ತೊಳ್ದು ಇಟ್ಟಿದ್ದೀನಿ."

"ಮೊದಲೇ ತೊಳ್ದಿದ್ಯಾ? ನಾನು ಬಿಚ್ಚಲ್ಲ ಅಂದಿದ್ರೆ?"

"ಅಂದಿದ್ರೆ ಗಂಜಿ ಮಾಡ್ಕೊಂಡ್ ಕುಡೀತಿದ್ದೆ. ಅಕ್ಕಿ ಏನ್ ಹಾಳಾಗುತ್ತಾ?"

ವನ್ನಾರಿ ಒಲೆ ಹೊತ್ತಿಸಿ ಅಕ್ಕಿ ಏರಿಸಿದಳು. ಛೋಯ್ ಶಿಳ್ಳೆ ಹೊಡೆದ. "ಅಕ್ಕಾ, ಇದು ಕಂಪನಿ ದೋಣಿ. ಇದ್ರಲ್ಲಿ ಮನೆ ಎಳೆದ್ರೆ ನನ್ನ ಚರ್ಮ ಸುಲೀತಾರೆ."

"ನಿನ್ನ ಚರ್ಮಕ್ಕೆ ಯಾವ ಗಿರಾಕಿ ಸಿಗ್ತಾನೋ? ಹಗ್ಗ ಕಟ್ಟು," ಎಂದಳು ಅತ್ತೆ.

"ಕಟ್ಟೋಣ ಬಿಡು. ಹೆಂಗೂ ಈ ಕೆಲ್ಸದಲ್ಲಿ ನಾನೇನೂ ಉದ್ಧಾರ ಆಗ್ಲಿಲ್ಲ."

ಗಿರಾಕಿಗಳಿಗೆ ವನ್ನಾರಿ ನೇರವಾಗಿ ಹೇಳಿದಳು: ಮನೆ ಈಗ ಹೊರಡುತ್ತದೆ, ನಿಮ್ಮನ್ನು ಬೇರೆ ದೋಣಿ ಕರೆಸಿ ಕಳಿಸುತ್ತೇನೆ, ನಿಮ್ಮ ಊಟ ಕೆಟ್ಟಿತು, ಕ್ಷಮಿಸಿ. ಗಂಡ ಹೆಂಡತಿ ತಮ್ಮ ಭಾಷೆಯಲ್ಲಿ ಏನೋ ಮಾತಾಡಿಕೊಂಡರು. ಆಮೇಲೆ ಹೆಂಗಸು ಚಪ್ಪಲಿ ಬಿಚ್ಚಿಟ್ಟು ಒಲೆಯ ಪಕ್ಕ ನೆಲದ ಮೇಲೆ ಕೂತಳು. ಇದ್ದೇವೆ ಎಂದಳು.

ಮನೆಯ ಮೂಲೆಯ ಗೂಟದಲ್ಲಿ ಹಗ್ಗದ ಗಂಟು ಪಾಚಿ ಕಟ್ಟಿ ಕಲ್ಲಾಗಿತ್ತು. ವನ್ನಾರಿಯ ಉಗುರು ಮುರಿಯಿತು. ಛೋಯ್ ಚಾಕು ಕೊಡಲು ಬಂದ. "ಕುಯ್ಯಬಾರ್ದು. ಬಿಚ್ಬೇಕು," ಎಂದು ಅತ್ತೆ ಗದರಿದಳು. ವನ್ನಾರಿ ಹಲ್ಲು ಹಚ್ಚಿ ಎಳೆದಳು. ಕೆಸರಿನ, ಮೀನಿನ, ಹಳೇ ಮಳೆಯ ರುಚಿ ಬಾಯಿ ತುಂಬಿತು. ಗಂಟು ಸಡಿಲಾದಾಗ ಮನೆ ಒಂದು ಸಲ ನಿಟ್ಟುಸಿರಿಟ್ಟ ಹಾಗೆ ಮೇಲೆದ್ದು ಇಳಿಯಿತು. ಹಗ್ಗ ಬಿಟ್ಟ ಮನೆ ಹೇಗೆ ಹಗುರಾಗುತ್ತದೆ ಎಂಬುದನ್ನು ಅವಳ ಅಂಗಾಲು ಮರೆತಿರಲಿಲ್ಲ. ಕಣ್ಣು ತುಂಬಿ ಬಂತು. ಅದನ್ನು ಹೊಗೆಯ ಮೇಲೆ ಹಾಕಿದಳು.

ಛೋಯನ ದೋಣಿ ಏದುಸಿರು ಬಿಡುತ್ತ ಮುಂದೆ, ಮನೆ ಅದರ ಹಿಂದೆ. ದಾರಿಯಲ್ಲಿ ಫೋನು ಹೊಡೆದುಕೊಂಡಿತು. ವಿರಾಕ್ ಕೂಗಿದ್ದು ಜಗಲಿಯ ಮೇಲಿದ್ದವರಿಗೆಲ್ಲ ಕೇಳಿಸಿತು. "ಏನಕ್ಕಾ ಇದು? ಮನೆ ಓಡಾಡ್ತಾ ಇದೆ ಅಂತ ಫೋನ್ ಬಂತು! ನಿಮಗೆ ತಲೆ ಕೆಟ್ಟಿದೆಯಾ?"

"ಮನೆ ಓಡಾಡೋದಕ್ಕೇ ತೇಲೋ ಮನೆ ಅಂತಾರೆ ಕಣೋ ತಮ್ಮ," ಎಂದಳು ವನ್ನಾರಿ. "ನಿನ್ನ ಬಲೆ, ಬುಟ್ಟಿ, ಬೋರ್ಡು ಛೋಯ್ ಹತ್ರ ಕಳಿಸ್ತೀನಿ. ಬಲೆ ಒದ್ದೆ ಆಗಿಲ್ಲ, ಹೊಸಾದಾಗೇ ಇದೆ."

"ನಾಳೆಯಿಂದ ಬರೋದು ಬೇಡ!"

"ಗೊತ್ತು."

ಅನ್ನ ಕುದಿಯಿತು. ಗುಡ್ಡವನ್ನು ಬಳಸಿ ಪಶ್ಚಿಮಕ್ಕೆ ತಿರುಗುವಾಗ ಗಾಳಿ ಎದ್ದು ಬೆಂಕಿ ಮಂಕಾಯಿತು. ವನ್ನಾರಿ ಮೊಣಕಾಲೂರಿ ಊದಿದಳು. ಪೋಲೆಂಡಿನ ಹೆಂಗಸು ಏನೂ ಕೇಳದೆ ತನ್ನ ಟೋಪಿ ತೆಗೆದು ಗಾಳಿಗೆ ಅಡ್ಡ ಹಿಡಿದಳು. ಅವಳ ಗಂಡ ಕ್ಯಾಮೆರಾ ಎತ್ತಿದ. ಹೆಂಡತಿ ಒಂದು ನೋಟ ನೋಡಿದಳು. ಕ್ಯಾಮೆರಾ ಕೆಳಗಿಳಿಯಿತು.

ವನ್ನಾರಿ ಗುಡ್ಡ ನೋಡುತ್ತಿದ್ದಳು. ಒಂದು ಗೋಪುರ ಎರಡಾಯಿತು. ಎರಡು ಮೂರಾಯಿತು. ಅವಳ ಮನೆಯಿಂದ ಮೂರು ಗೋಪುರ ಕಂಡಿದ್ದು ಅದೇ ಮೊದಲು.

"ನೋಡೇ, ಮೂರು ಜನ ಇದ್ದಾರೆ," ಎಂದಳು ಅತ್ತೆ ಕಣ್ಣಿಗೆ ಕೈ ಮರೆ ಮಾಡಿ. "ಇಷ್ಟು ವರ್ಷ ಒಬ್ಬನಿಗೇ ಕೈ ಮುಗಿದು ಇನ್ನಿಬ್ಬರಿಗೆ ಮೋಸ ಮಾಡ್ದಂಗಾಯ್ತು."

ಮುಳುಗಿದ ಗದ್ದೆಬಯಲಿನಲ್ಲಿ ಊರವರ ಮನೆಗಳು ಅಡ್ಡಾದಿಡ್ಡಿ ನಿಂತಿದ್ದವು. ಮೊದಲ ತುತ್ತು ಅನ್ನ, ಅದರ ಮೇಲೆ ಚೂರು ಪ್ರಹೋಕ್, ಅತ್ತೆ ನೀರಿಗೆ ಬಿಟ್ಟಳು. ಮಿಕ್ಕಿದ್ದನ್ನು ಎಲ್ಲರೂ ಉಂಡರು. ಪೋಲೆಂಡಿನ ಗಂಡ ಪ್ರಹೋಕಿಗೆ ಮುಖ ಕಿವಿಚಿದ, ಆದರೂ ಎರಡನೇ ಸಲ ಕೈ ಒಡ್ಡಿದ. "ಇವನು ಮನುಷ್ಯ," ಎಂದಳು ಅತ್ತೆ.

ಆಮೇಲೆ ಅತ್ತೆ ಮನೆಯ ಮೂಲೆಯ ಹಗ್ಗ ತೆಗೆದುಕೊಂಡು ಗದ್ದೆಬದುವಿನ ಮಾವಿನ ಮರಕ್ಕೆ ಕಟ್ಟಿದಳು. ನೀರಿನ ಮೇಲೆ ಕಟ್ಟುವ ಹಾಗೆಯೇ, ಬಹಳ ಸಡಿಲ ಬಿಟ್ಟು. ನೀರು ಏರಿದರೆ ಮನೆ ಏರಬೇಕಲ್ಲ.

ನೀರು ಏರಲಿಲ್ಲ, ಇಳಿಯಿತು. ನೀರಿನ ಹಬ್ಬದ ಬೆಳದಿಂಗಳು ಕಳೆದ ಮೇಲೆ ದಿನ ದಿನಕ್ಕೂ ಬಯಲು ಮೈ ತೋರಿಸಿತು. ಒಂದು ಬೆಳಿಗ್ಗೆ ಮನೆ ಕಿರ್ರೆಂದು ಕೆಸರಿಗೆ ಕೂತು ಒಂದು ಕಡೆಗೆ ವಾಲಿಕೊಂಡಿತು. ಮತ್ತೆ ಅಲುಗಲಿಲ್ಲ. ಆಮೇಲಿನ ಮಳೆಗಾಲಗಳಲ್ಲಿ ಮನೆ ಎತ್ತುವಷ್ಟು ನೀರು ಆ ಬಯಲಿಗೆ ಬರಲೇ ಇಲ್ಲ. ಅಭ್ಯಾಸ ಬಿಡದೆ ಅತ್ತೆ ಮೀನಿನ ಮುಳ್ಳು, ಪಾತ್ರೆ ತೊಳೆದ ನೀರು ಎಲ್ಲವನ್ನೂ ನೆಲದ ಕಿಂಡಿಯಿಂದ ಕೆಳಕ್ಕೆ ಸುರಿಯುತ್ತಿದ್ದಳು. ಅವು ಹರಿದು ಹೋಗದೆ ಅಲ್ಲೇ ಉಳಿದು ನಾರಿದವು. ಊರಿನ ಎಲ್ಲ ಮನೆಗಳ ಕೆಳಗೂ ಅದೇ ಗುಡ್ಡೆ. ದಡಕ್ಕೆ ಬಂದ ಮೇಲೆ ಹೊಲಸು ಎಂದರೇನು ಎಂದು ಆ ಜನ ಮೊದಲ ಸಲ ನೋಡಿದರು. ಅದನ್ನು ಹೇಳಲು ಈಗ ಯಾವ ಧ್ವನಿವರ್ಧಕವೂ ಬರಲಿಲ್ಲ.

ಮಾವಿನ ಮರದ ಹಗ್ಗ ಹುಲ್ಲಿನ ಮೇಲೆ ಹಾವಿನ ಹಾಗೆ ಬಿದ್ದಿರುತ್ತಿತ್ತು. ಓಡಾಡುವವರೆಲ್ಲ ಎಡವುತ್ತಿದ್ದರು. "ಅಜ್ಜೀ, ಮನೆ ಎಲ್ಲಿಗೆ ಓಡೋಗುತ್ತೆ ಅಂತ ಕಟ್ಟಿದ್ದೀಯಾ? ಬಿಚ್ಚಾಕು!" ಎಂದು ನೆರೆಯವನೊಬ್ಬ ಮೊಣಕಾಲು ಉಜ್ಜಿಕೊಳ್ಳುತ್ತ ರೇಗಿದ. "ನಿನ್ನ ಕಣ್ಣು ಕಟ್ಟಿದ್ದು ಯಾರು? ಅದನ್ ಮೊದ್ಲು ಬಿಚ್ಕೋ," ಎಂದು ಅತ್ತೆ ಒಳಗಿನಿಂದಲೇ ಕೂಗಿದಳು. ಎರಡು ಮಳೆಗಾಲ ಆ ಹಗ್ಗವನ್ನು ಯಾರಿಗೂ ಮುಟ್ಟಗೊಡಲಿಲ್ಲ. ಮೂರನೆಯ ಮಳೆಗಾಲಕ್ಕೆ ಮೊದಲು ತೀರಿಕೊಂಡಳು. ಗೆರೆ ಕೊರೆದ ಕಂಬವನ್ನು ಬಿಟ್ಟು, ಮನೆಯ ಇನ್ನೊಂದು ಕಂಬವನ್ನು ಅವಳ ಚಿತೆಯ ಸೌದೆಗೆ ಕೊಟ್ಟರು.

ವನ್ನಾರಿ ಪಟ್ಟಣದ ಕೋಣೆ ಬಿಟ್ಟು ಆ ಮನೆಗೇ ಬಂದುಬಿಟ್ಟಿದ್ದಾಳೆ. ಮಂಚ ಅಲುಗುವುದಿಲ್ಲ. ಗುಡ್ಡ ಕಿಟಕಿಯ ಬಲಕ್ಕೆ, ಪ್ರತಿ ಬೆಳಿಗ್ಗೆಯೂ ಬಲಕ್ಕೇ. ಪಂದ್ಯ ಕಟ್ಟಲು ಏನೂ ಉಳಿದಿಲ್ಲ. ಈಗ ಅವಳು ಸಿಕ್ಕಿದಷ್ಟು ಗಿರಾಕಿಗಳನ್ನು ಸ್ವಂತವಾಗಿ ಗುಡ್ಡಕ್ಕೆ ಕರೆದೊಯ್ಯುತ್ತಾಳೆ. ಸರೋವರದ ಮೇಲೆ ವಿರಾಕ್ ಬೇರೆ ಎರಡು ಮನೆ ಹಿಡಿದು ನಿಲ್ಲಿಸಿದ್ದಾನೆ. ಅಲ್ಲಿ ನೀಲಿ ಬಲೆ ಹರಡಿ ಯಾರೋ ಒಲೆ ಮುಂದೆ ಕೂರುತ್ತಾರೆ, ಸಂಜೆ ದೋಣಿ ಹತ್ತಿ ದಡಕ್ಕೆ ಬರುತ್ತಾರೆ. ಅವರ ಮೇಲೂ ಅವಳಿಗೆ ಸಿಟ್ಟಿಲ್ಲ. ಹಸಿವು ಯಾವ ವೇಷವನ್ನಾದರೂ ಹಾಕಿಸುತ್ತದೆ.

ಗೋಪುರಗಳ ಮುಂದೆ ರಾಜನ ಹೆಸರು, ದೇವರ ಹೆಸರು ಹೇಳಿ ಮುಗಿಸಿದ ಮೇಲೆ ಗಿರಾಕಿಗಳು ಕೇಳುತ್ತಾರೆ, ತೇಲುವ ಊರು ಎಲ್ಲಿ? ಅವಳು ಅವರನ್ನು ಕೊನೆಯ ಗೋಪುರದ ಬೆನ್ನಿಗೆ ನಿಲ್ಲಿಸಿ ದಕ್ಷಿಣಕ್ಕೆ ತೋರಿಸುತ್ತಾಳೆ. ಈ ಗೋಪುರಗಳ ಗೆರೆಯನ್ನು ಹಾಗೆಯೇ ನೀರಿನ ಮೇಲೆ ಎಳೆದುಕೊಂಡು ಹೋಗಿ, ಅಲ್ಲಿ ನಮ್ಮ ಮನೆಯಿತ್ತು ಎನ್ನುತ್ತಾಳೆ. ಅವರು ಕಣ್ಣು ಕಿರಿದು ಮಾಡಿ ನೋಡುತ್ತಾರೆ. ಅಲ್ಲಿ ನೀರು ಬಿಟ್ಟು ಏನೂ ಇಲ್ಲ. ಆ ನೀರಿನ ಫೋಟೋವನ್ನು ಈವರೆಗೆ ಯಾರೂ ತೆಗೆದಿಲ್ಲ.

ಮಳೆಗಾಲ ಬಂದಾಗ, ಗದ್ದೆಬಯಲಿನಲ್ಲಿ ಪಾದ ಮುಳುಗುವಷ್ಟು ನೀರು ನಿಂತಾಗ, ವನ್ನಾರಿ ಮಾವಿನ ಮರದ ಹತ್ತಿರ ಹೋಗಿ ಹಗ್ಗವನ್ನು ಇನ್ನಷ್ಟು ಸಡಿಲ ಬಿಡುತ್ತಾಳೆ.